ಮುಳುಗಡೆಯ ಸಿನಿಮಾ ಮಾಡುತ್ತಿರುವ ಪುಟ್ಟಿಗೆ

ಪ್ರೀತಿಯ ಪುಟ್ಟಿಗೆ ಅತ್ತೆಯ ಆಶೀರ್ವಾದ.

ನಮ್ಮ ಮುಳುಗಿದ ಊರಿನ ಮೇಲೆ ನೀನು ಮಾಡಿ ಕಳಿಸಿದ 22 ನಿಮಿಷದ ಸಿನಿಮಾವನ್ನು ಮೂರು ಸಲ ನೋಡಿದೆ. ಮೊದಲ ಸಲ ಒಬ್ಬಳೇ, ಎರಡನೇ ಸಲ ನಿನ್ನ ಮಾವನನ್ನು ಪಕ್ಕದಲ್ಲಿ ಕೂರಿಸಿಕೊಂಡು, ಮೂರನೇ ಸಲ ರಾತ್ರಿ ನಿದ್ದೆ ಬಾರದೆ. ಫೋನ್ ಮಾಡೋಣ ಅಂತ ಎರಡು ಸಲ ಕೈಗೆತ್ತಿಕೊಂಡೆ. ಫೋನಲ್ಲಾದರೆ ನೀನು "ಹೇಗಿದೆ ಅತ್ತೆ" ಅಂತೀಯ, ನಾನು "ಚೆನ್ನಾಗಿದೆ ಮಗಾ" ಅಂದುಬಿಡುತ್ತೇನೆ, ಅಲ್ಲಿಗೆ ಮಾತು ಮುಗಿಯುತ್ತದೆ. ಅದಕ್ಕೇ ಬರೆಯುತ್ತಿದ್ದೇನೆ. ಉದ್ದ ಆಗುತ್ತದೆ. ಪುರುಸೊತ್ತಾದಾಗ ಓದು, ಆದರೆ ಪೂರ್ತಿ ಓದು.

ಇಷ್ಟ ಆದದ್ದನ್ನು ಮೊದಲು ಹೇಳುತ್ತೇನೆ. ನಿನ್ನ ಅಪ್ಪ ಮಡೆನೂರು ಅಣೆಕಟ್ಟಿನ ಮೇಲೆ ನಡೆಯುತ್ತಾನಲ್ಲ, ಬೇಸಿಗೆಯಲ್ಲಿ ನೀರು ಇಳಿದು ಕಲ್ಲುಕಟ್ಟಡ ಪೂರ್ತಿ ಹೊರಗೆ ಬಂದಿರುವಾಗ, ಹೆಚ್ಚಾದ ನೀರು ಹೊರಹೋಗಲು ಕಟ್ಟಿದ ಆ ಸೈಫನ್ನುಗಳ ಹತ್ತಿರ ಹೋಗಿ ಸುಮ್ಮನೆ ನಿಂತು ಕೈಯಿಂದ ಕಲ್ಲು ಸವರುತ್ತಾನಲ್ಲ, ಅದು ಬಹಳ ಚೆನ್ನಾಗಿದೆ. ಅಲ್ಲಿ ನೀನು ಏನೂ ಮಾತಾಡಿಲ್ಲ, ಹಾಡೂ ಹಾಕಿಲ್ಲ. ಗಾಳಿ ಸದ್ದು ಮಾತ್ರ ಇದೆ. ಹಾಗೇ ಇಡು, ಯಾರು ಹೇಳಿದರೂ ಅದಕ್ಕೆ ಕೈ ಹಾಕಬೇಡ.

ಆದರೆ ಆ ಅಣೆಕಟ್ಟು ಏನು ಅಂತ ನೋಡುವವರಿಗೆ ಗೊತ್ತಾಗುವುದಿಲ್ಲ. ಯಾವುದೋ ಹಳೇ ಕೋಟೆ ಅಂದುಕೊಳ್ಳುತ್ತಾರೆ. ಜೋಗದ ಮೊದಲ ಪವರ್ ಹೌಸಿಗೆ ನೀರು ಕೊಡಲಿಕ್ಕೆ ಅಂತ ಶರಾವತಿಗೆ ಅಡ್ಡಲಾಗಿ ಕಟ್ಟಿದ್ದು ಅದು. ಹಿರೇಭಾಸ್ಕರ ಅಣೆಕಟ್ಟು ಅಂತಲೂ ಕರೆಯುತ್ತಾರೆ. 1948ರ ಹೊತ್ತಿಗೆ ಅದು ಕೆಲಸ ಶುರು ಮಾಡಿತು. ನಮ್ಮ ಅಜ್ಜಿಯ ತವರಿನವರು ಆಗಲೇ ಒಂದು ಸಲ ಎದ್ದರು. ಗಂಟುಮೂಟೆ ಕಟ್ಟಿಕೊಂಡು ಸ್ವಲ್ಪ ಮೇಲೆ ಹೋಗಿ ಮನೆ ಹಾಕಿಕೊಂಡರು. 16 ವರ್ಷ ಆಗಿತ್ತಷ್ಟೇ, 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಬಂತು. ಅದರ ನೀರಿನಲ್ಲಿ ಅವರ ಎರಡನೇ ಮನೆಯೂ ಹೋಯಿತು, ಅವರನ್ನು ಎಬ್ಬಿಸಿದ ಆ ಹಳೇ ಅಣೆಕಟ್ಟೂ ಮುಳುಗಿತು. ಒಂದು ಅಣೆಕಟ್ಟನ್ನು ಇನ್ನೊಂದು ಅಣೆಕಟ್ಟು ನುಂಗಿದ ಜಾಗ ಅದು. ನಿನ್ನ ಅಪ್ಪ ಯಾವುದರ ಮೇಲೆ ಕೈ ಇಟ್ಟಿದ್ದಾನೆ ಅನ್ನುವುದು ನೋಡುವವರಿಗೆ ತಿಳಿಯಬೇಕು, ಅಲ್ವಾ? ಎರಡು ಸಾಲು ಸಾಕು.

ಈಗ ಇಷ್ಟ ಆಗದ್ದು. ಬೇಜಾರು ಮಾಡಿಕೊಳ್ಳಬೇಡ.

ಸಿನಿಮಾ ಪೂರ್ತಿ ಡ್ರೋನ್ ಹಾರುತ್ತಲೇ ಇದೆ. ಹಿನ್ನೀರು, ಅದರ ನಡುವೆ ದ್ವೀಪಗಳು, ನೀರಿನಿಂದ ಮೇಲೆದ್ದ ಒಣ ಮರದ ಬೊಡ್ಡೆಗಳು, ಸಂಜೆಯ ಕೆಂಪು. ಮೇಲಿನಿಂದ ನೋಡಿದರೆ ನಮ್ಮ ಹಿನ್ನೀರು ಚಂದವೇ. ಅದನ್ನು ನೋಡಲೆಂದೇ ಜನ ಊರೂರಿಂದ ಬಂದು ಹೊನ್ನೆಮರಡುವಿನಲ್ಲಿ ದೋಣಿ ಹತ್ತುತ್ತಾರೆ. ಅವರ ಮೊಬೈಲುಗಳಲ್ಲೂ ಇದೇ ಚಿತ್ರ ಇದೆ ಪುಟ್ಟಿ. ಆ ಚಿತ್ರದ ಮೇಲೆ ನಿನ್ನ ದನಿ ಕೇಳುತ್ತದೆ: "ನಾನು ಎಲ್ಲಿಯವಳು?" ನಾಲ್ಕು ಸಲ ಕೇಳಿದ್ದೀಯ. ನಾಲ್ಕು ಸಲವೂ ನೀರನ್ನೇ ಕೇಳಿದ್ದೀಯ. ನೀರು ಏನು ಹೇಳುತ್ತದೆ?

ನಿನ್ನ ಅಜ್ಜನ ಒಂದು ವಿಷಯ ಹೇಳುತ್ತೇನೆ, ನಿನಗೆ ಗೊತ್ತಿರಲಿಕ್ಕಿಲ್ಲ. ನೀನು ಹುಟ್ಟುವ ಮೊದಲೇ ಅವರು ಹೋದರು. ಮಳೆಗಾಲ ಬಂತೆಂದರೆ ಪತ್ರಿಕೆಯಲ್ಲಿ ದಿನಾ ಅಣೆಕಟ್ಟುಗಳ ನೀರಿನ ಮಟ್ಟ ಹಾಕುತ್ತಾರಲ್ಲ. ಲಿಂಗನಮಕ್ಕಿಗೆ ಗರಿಷ್ಠ ಮಟ್ಟ 1819 ಅಡಿ. ನಮ್ಮ ಅಪ್ಪ ಬೇರೆ ಸುದ್ದಿ ಓದುತ್ತಿರಲಿಲ್ಲ, ಅಷ್ಟೊಂದು ಓದಲಿಕ್ಕೂ ಬರುತ್ತಿರಲಿಲ್ಲ. ಚಹದಂಗಡಿಗೆ ಹೋಗಿ ಆ ಸಂಖ್ಯೆ ಮಾತ್ರ ಕೇಳಿಕೊಂಡು ಬರುತ್ತಿದ್ದರು. ಬಂದು ಅಮ್ಮನಿಗೆ ಹೇಳುತ್ತಿದ್ದರು, "ಇವತ್ತು ಕೊಟ್ಟಿಗೆಗೆ ಬಂತು ಕಾಣೆ". ಆಮೇಲೆ ಒಂದು ವಾರಕ್ಕೆ, "ಜಗಲಿ ಹತ್ತಿತು". ಅಮ್ಮ ಅಕ್ಕಿ ಆರಿಸುತ್ತಾ ಹೂಂ ಅನ್ನುತ್ತಿದ್ದಳು. ಆ ಊರು ಮುಳುಗಿ ಇಪ್ಪತ್ತು ವರ್ಷ ಆದ ಮೇಲೂ, ಇಲ್ಲಿಂದ ಅಷ್ಟು ದೂರ ಕೂತು, ಪ್ರತಿ ವರ್ಷ ಅವರ ಮನೆ ಮತ್ತೆ ಮೆಲ್ಲಗೆ ಮುಳುಗುತ್ತಿತ್ತು. ಬೇಸಿಗೆಯಲ್ಲಿ ಮತ್ತೆ ಏಳುತ್ತಿತ್ತು.

ಅದು ಅವರಿಗಿದ್ದ ಊರು. ಊರು ಮುಳುಗುವಾಗ ನನಗೆ 9 ವರ್ಷ, ನನಗೂ ಸ್ವಲ್ಪ ನೆನಪಿದೆ. ಹಲಸಿನ ಮರ, ಹೊಳೆಯ ಕಡೆಗಿನ ಇಳಿಜಾರು, ಬಾವಿಯ ರಾಟೆಯ ಸದ್ದು. ನಿನ್ನ ಅಪ್ಪನಿಗೆ 3 ವರ್ಷ. ಅವನಿಗೆ ಒಂದೂ ನೆನಪಿಲ್ಲ ಪುಟ್ಟಿ. ಸಿನಿಮಾದಲ್ಲಿ ಅವನು ಹೇಳುವ ಹಲಸಿನ ಮರ ನನ್ನದು, ನಾನು ಅವನಿಗೆ ಹೇಳಿ ಹೇಳಿ ಅವನದಾಗಿದೆ. ಅವನು ಸುಳ್ಳು ಹೇಳುತ್ತಿದ್ದಾನೆ ಅಂತಲ್ಲ. ಅವನಿಗೆ ನಿಜವಾಗಿಯೂ ಕಾಣುತ್ತದೆ. ನೀನು ಅವನನ್ನು ಕೇಳಬಹುದಿತ್ತು, "ಅಪ್ಪಾ, ಇದು ನಿನಗೆ ಹೇಗೆ ಗೊತ್ತು?" ಅಂತ. ಕೇಳಿದ್ದರೆ ಸಿನಿಮಾ ಬೇರೆ ದಾರಿ ಹಿಡಿಯುತ್ತಿತ್ತು. ಒಬ್ಬರ ಊರು ಇನ್ನೊಬ್ಬರಿಗೆ ಬಾಯಿಂದ ಬಾಯಿಗೆ ಹೇಗೆ ಹೋಗುತ್ತದೆ, ಅಲ್ಲಿಂದ ನಿನ್ನವರೆಗೆ ಬೆಂಗಳೂರಿನ ಎರಡನೇ ಮಹಡಿಗೆ ಹೇಗೆ ಬಂತು ಅಂತ. ಇನ್ನೂ ತಡ ಆಗಿಲ್ಲ, ಹೋಗಿ ಕೇಳು.

ಈಗ ನನ್ನ ಮುಖ್ಯ ಮಾತು. ನಿನ್ನ ಸಿನಿಮಾ ಊರು ಮುಳುಗಿದ ದಿನಕ್ಕೆ ಬಂದು ನಿಂತುಬಿಡುತ್ತದೆ. ಲಾರಿ ಹತ್ತಿದರು, ಅತ್ತರು, ನೀರು ಬಂತು. ಆಮೇಲೆ ನೇರ ನಿನ್ನ ಮುಖ. ನಡುವಿನ 60 ವರ್ಷ ಎಲ್ಲಿ ಹೋಯಿತು? ಆ 60 ವರ್ಷ ನಾವು ಬದುಕಿದ್ದೇವಲ್ಲ ಮಗಾ.

ಲಾರಿಯಿಂದ ಇಳಿಸಿದ್ದು ಶಿವಮೊಗ್ಗ ತಾಲ್ಲೂಕಿನ ಕಾಡಂಚಿನಲ್ಲಿ. ಮಳೆಗಾಲಕ್ಕೆ ಇನ್ನೇನು ಸ್ವಲ್ಪ ದಿನ ಇತ್ತು. ಮನೆ ಅಂತ ಯಾವುದೂ ಇರಲಿಲ್ಲ, ಮರಕ್ಕೆ ಬಳಿದ ಸುಣ್ಣದ ಗುರುತು ಇತ್ತು. ಇಲ್ಲಿಂದ ಅಲ್ಲಿವರೆಗೆ ನಿಮ್ಮದು ಅಂದರು. ಅಪ್ಪ, ದೊಡ್ಡಪ್ಪ, ಜೊತೆಗೆ ಬಂದ ನಾಲ್ಕೈದು ಮನೆಯವರು ಸೇರಿ ಕೋಲು ಕಡಿದು, ಸೋಗೆ ಹೊದಿಸಿ ಗುಡಿಸಲು ಎಬ್ಬಿಸಿದರು. ಆ ವರ್ಷ ಜ್ವರದಲ್ಲಿ ನನ್ನ ತಂಗಿ ಹೋದಳು. ಅವಳ ವಿಷಯ ನಿನ್ನ ಅಪ್ಪ ನಿನಗೆ ಹೇಳಿರಲಿಕ್ಕಿಲ್ಲ. ನಾನೂ ಇಷ್ಟಕ್ಕೇ ಬಿಡುತ್ತೇನೆ.

ಪರಿಹಾರದ ಬಗ್ಗೆ ನೀನು ಒಂದು ಸಾಲು ಹೇಳಿದ್ದೀಯ, "ಸರ್ಕಾರ ಭೂಮಿಗೆ ಪರಿಹಾರ ಕೊಟ್ಟಿತು, ಆದರೆ ಸಾಕಾಗಲಿಲ್ಲ". ನಮ್ಮ ಮನೆಯ ಮಟ್ಟಿಗೆ ಅದು ಸರಿಯಲ್ಲ. ನಾವು ಗೇಣಿದಾರರು. ಉಳುತ್ತಿದ್ದದ್ದು ನಾವು, ಹೆಸರಿದ್ದದ್ದು ಒಡೆಯರದ್ದು. ಕಾಗೋಡು ಸತ್ಯಾಗ್ರಹ ಅಂತ ಕೇಳಿದ್ದೀಯ, ಅದು ಆದದ್ದು 1951ರಲ್ಲಿ, ಇದೇ ಸಾಗರ ತಾಲ್ಲೂಕಿನಲ್ಲಿ, ನಮ್ಮಂಥ ದೀವರ ಸಮುದಾಯದ ಗೇಣಿದಾರರೇ ಎದ್ದು ನಿಂತದ್ದು. ಉಳುವವನಿಗೇ ಹೊಲ ಅನ್ನುವ ಕಾನೂನು ಗಟ್ಟಿಯಾಗಿ ಬಂದದ್ದು 1974ರಲ್ಲಿ. ನಡುವೆ 1964ರಲ್ಲಿ ನೀರು ಬಂತು. ಹತ್ತು ವರ್ಷ ತಡವಾಗಿ ನೀರು ಬಂದಿದ್ದರೆ ಆ ಗದ್ದೆ ನಮ್ಮ ಹೆಸರಲ್ಲಿ ಇರುತ್ತಿತ್ತು. ಗದ್ದೆಯ ಹಣ ಕಾಗದದಲ್ಲಿ ಹೆಸರಿದ್ದವರಿಗೆ ಹೋಯಿತು. ನಮಗೆ ಗುಡಿಸಲಿಗೂ ಮರಕ್ಕೂ ಅಂತ ಏನೋ ಸ್ವಲ್ಪ ಸಿಕ್ಕಿತು. ಹಾಗಾಗಿ "ನಮ್ಮ ಊರು" ಅಂತ ನೀನು ಹೇಳುವಾಗ ಒಂದು ಗಳಿಗೆ ಯೋಚನೆ ಮಾಡು. ಅದೇ ಊರಿನಿಂದ ಎದ್ದ ಒಡೆಯರ ಮನೆಯವರೂ ಅತ್ತರು, ಅವರ ದುಃಖವೂ ಸುಳ್ಳಲ್ಲ. ಆದರೆ ಒಂದೇ ಲಾರಿಯಲ್ಲಿ ಎರಡು ಬೇರೆ ಊರಿನವರು ಕೂತಿದ್ದರು ಅಂತ ನನಗೆ ಈಗ ಅನ್ನಿಸುತ್ತದೆ.

ಇಲ್ಲಿಗೆ ಬಂದ ಮೇಲೆ ನಮಗೆ ಹೊಸ ಹೆಸರು ಬಂತು. ಮುಳುಗಡೆಯವರು. ಸಂತೆಯಲ್ಲಿ, ಶಾಲೆಯಲ್ಲಿ, ಹೆಣ್ಣು ಕೇಳಲು ಹೋದಲ್ಲಿ, ಎಲ್ಲ ಕಡೆ ಅದೇ. "ಯಾರ ಮಗಳು?" "ಮುಳುಗಡೆಯವರ ಮಗಳು." ಮೇಷ್ಟ್ರು ಹಾಜರಿ ಕರೆಯುವಾಗಲೂ ಮುಳುಗಡೆ ಅಂತ ಸೇರಿಸುತ್ತಿದ್ದರು. ನನಗೆ ಸಿಟ್ಟು ಬರುತ್ತಿತ್ತು. ಈಗ ನನ್ನ ಮೊಮ್ಮಗ ಅದನ್ನೇ ಬೇರೆ ಥರ ಹೇಳುತ್ತಾನೆ, ಅರ್ಜಿಯಲ್ಲಿ "ಶರಾವತಿ ಮುಳುಗಡೆ ಸಂತ್ರಸ್ತರ ಕುಟುಂಬ" ಅಂತ ಬರೆಯುತ್ತಾನೆ, ಅದು ಅವನಿಗೆ ಹಕ್ಕು. ಬೈಗುಳ ಆಗಿದ್ದ ಪದ ಮೂರು ತಲೆಮಾರಿನಲ್ಲಿ ಹಕ್ಕಾಯಿತು. ಗುರುತಿನ ಬಗ್ಗೆ ಸಿನಿಮಾ ಮಾಡುತ್ತೇನೆ ಅಂತೀಯಲ್ಲ, ಈ ಒಂದು ಪದದ ಹಿಂದೆ ಹೋಗು.

ಮತ್ತೆ ಇನ್ನೊಂದು. ಇದನ್ನು ಹೇಳಲು ನನಗೆ ಸ್ವಲ್ಪ ಕಷ್ಟ. ನಮಗೆ ಕೊಟ್ಟ ಕಾಡು ಖಾಲಿ ಇರಲಿಲ್ಲ. ಪಕ್ಕದ ಊರಿನವರು ಅಲ್ಲಿ ದನ ಮೇಯಿಸುತ್ತಿದ್ದರು, ಸೊಪ್ಪು ತರುತ್ತಿದ್ದರು, ಸೌದೆ ತರುತ್ತಿದ್ದರು. ನಾವು ಬೇಲಿ ಹಾಕಿದೆವು. ಅವರ ದನಗಳಿಗೆ ದಾರಿ ಇಲ್ಲದಾಯಿತು. ನಾವು ಹಾಕಿದ ಬೇಲಿಯನ್ನು ಅವರು ರಾತ್ರಿ ಕಿತ್ತರು, ಬೆಳಿಗ್ಗೆ ನಾವು ಮತ್ತೆ ಹಾಕಿದೆವು, ಎರಡು ಸಲ ಕೈಕೈ ಮಿಲಾಯಿಸಿದ್ದೂ ಆಯಿತು. ನಮ್ಮದು ಹೋಯಿತು ಅಂತ ಅಳುತ್ತಾ ಬಂದ ನಾವು ಇನ್ನೊಬ್ಬರದ್ದನ್ನು ತೆಗೆದುಕೊಂಡೆವು. ನಮಗೆ ಬೇರೆ ದಾರಿ ಇರಲಿಲ್ಲ, ಅದೂ ನಿಜ. ನೀನು ಆ ಊರಿನ ಒಬ್ಬರನ್ನೂ ಮಾತಾಡಿಸಿಲ್ಲ. ಅವರ ಬಾಯಲ್ಲಿ ನಮ್ಮ ಕಥೆ ಹೇಗಿದೆ ಅಂತ ಕೇಳು. ನನಗೆ ಬೇಜಾರಾಗುವ ಮಾತು ಬಂದರೂ ಸಿನಿಮಾದಲ್ಲಿ ಇಡು.

ಕಾಗದದ ವಿಷಯದಲ್ಲಿ ಮಾತ್ರ ನೀನು ಜಾಸ್ತಿ ಹುಷಾರಾಗಿರಬೇಕು. ಇದು ಸಲಹೆ ಅಂತ ತಿಳಿಯಬೇಡ, ಅತ್ತೆ ಹಟ ಮಾಡುತ್ತಿದ್ದಾಳೆ ಅಂತಲೇ ತಿಳಿ. 14ನೇ ನಿಮಿಷದಲ್ಲಿ ಒಬ್ಬರು ತಮ್ಮ ತೋಟದಲ್ಲಿ ನಿಂತು ಪಹಣಿ ತೋರಿಸುತ್ತಾರೆ. ಸರ್ವೆ ನಂಬರ್ ಚೆನ್ನಾಗಿ ಕಾಣುತ್ತದೆ, ಅವರ ಮುಖವೂ ಕಾಣುತ್ತದೆ, ಹಿಂದೆ ಅಡಿಕೆ ಗಿಡಗಳೂ ಕಾಣುತ್ತವೆ. ಅದನ್ನು ತೆಗೆದುಹಾಕು. ಇಲ್ಲಿ ಎಷ್ಟೋ ಜನ ಅರವತ್ತು ವರ್ಷದಿಂದ ಉಳುತ್ತಿರುವ ನೆಲ ಇವತ್ತಿಗೂ ಕಾಗದದಲ್ಲಿ ಅರಣ್ಯ. ಕೊಟ್ಟಾಗ ಕಾಗದ ಸರಿ ಮಾಡಲಿಲ್ಲ, 1980ರಲ್ಲಿ ಅರಣ್ಯ ಸಂರಕ್ಷಣಾ ಕಾಯ್ದೆ ಬಂದ ಮೇಲೆ ದಿಲ್ಲಿಯ ಒಪ್ಪಿಗೆ ಇಲ್ಲದೆ ಆಗದು ಅಂದರು. ಆಮೇಲೆ ರಾಜ್ಯದವರು ಅಲ್ಲಲ್ಲಿ ಕಾಡಿನಿಂದ ಬಿಡಿಸಿ ಆದೇಶ ಮಾಡಿದರು, ಹಕ್ಕುಪತ್ರ ಬಂತು ಅಂತ ಸಿಹಿ ಹಂಚಿದವರೂ ಇದ್ದಾರೆ. 2021ರಲ್ಲಿ ಹೈಕೋರ್ಟ್ ತೀರ್ಪಿನ ನಂತರ ಆ ಆದೇಶಗಳನ್ನೂ ವಾಪಸ್ ಪಡೆದರು. ಈಗ ಅದೇ ಜನರನ್ನು ಒತ್ತುವರಿದಾರರು ಅನ್ನಬಹುದು. ನಿನ್ನ ಸಿನಿಮಾ ಎಲ್ಲಿ ಎಲ್ಲಿ ಓಡಾಡುತ್ತದೋ ಯಾರಿಗೆ ಗೊತ್ತು. ಅವರು ನಿನ್ನನ್ನು ನಮ್ಮ ಮನೆ ಹುಡುಗಿ ಅಂತ ನಂಬಿ ಕಾಗದ ತೆಗೆದು ತೋರಿಸಿದ್ದಾರೆ. ನಾಳೆ ಅದೇ ದೃಶ್ಯ ಯಾರೋ ಒಬ್ಬರ ಮೇಜಿನ ಮೇಲೆ ಸಾಕ್ಷಿ ಆಗಿ ಕೂರಬಾರದು. ಕಾಗದದ ಕಥೆ ಹೇಳು, ಪೂರ್ತಿ ಹೇಳು, ಆದರೆ ನಂಬರ್ ಬೇಡ, ಮುಖ ಬೇಡ. ಕೈ ಸಾಕು. ಆ ಕಾಗದವನ್ನು ಅವರು ಮಡಚಿಡುವ ರೀತಿ ನೋಡಿದ್ದೀಯ? ಮಡಿಕೆಯಲ್ಲಿ ಹರಿದು ಹರಿದು ಅಂಟಿಸಿದ ಗುರುತು ಇದೆ. ಅದನ್ನು ತೋರಿಸು.

ಆ ಅಜ್ಜಿ ಅಳುವ ದೃಶ್ಯವೂ ಹಾಗೇ. ಕ್ಯಾಮೆರಾ ಅವರ ಮುಖದ ಹತ್ತಿರ ಹೋಗಿ, ಅವರು ಸೆರಗಿನಿಂದ ಕಣ್ಣು ಮುಚ್ಚಿಕೊಂಡರೂ ಅಲ್ಲೇ ನಿಲ್ಲುತ್ತದೆ. ನಾನು ಎಣಿಸಿದೆ, 40 ಸೆಕೆಂಡ್. ಸೆರಗು ಮುಚ್ಚಿಕೊಂಡರೆ ಸಾಕು ಅಂತ ಅರ್ಥ ಪುಟ್ಟಿ. ನಾಲಿಗೆಯಿಂದ ಹೇಳಬೇಕಾಗಿಲ್ಲ. ಅವರನ್ನು ನಾನು ಐವತ್ತು ವರ್ಷದಿಂದ ಬಲ್ಲೆ. ಅವರು ಅಳುವುದಕ್ಕಿಂತ ಜಗಳ ಆಡಿದ್ದು ಜಾಸ್ತಿ, ನಗಿಸಿದ್ದು ಅದಕ್ಕಿಂತ ಜಾಸ್ತಿ. ನಮ್ಮಲ್ಲಿ ಅವರಷ್ಟು ಚೆನ್ನಾಗಿ ಚಿತ್ತಾರ ಬರೆಯುವವರು ಯಾರೂ ಇಲ್ಲ. ಅಕ್ಕಿ ಅರೆದು ಬಿಳಿ ಬಣ್ಣ, ಕೆಮ್ಮಣ್ಣು, ಹುರಿದು ಕರಿ ಮಾಡಿದ ಅಕ್ಕಿ, ಗುರಿಗೆ ಕಾಯಿಯ ಹಳದಿ, ಪುಂಡಿ ನಾರಿನ ಕುಂಚ. ಗೆರೆ ಎಳೆಯಲು ಕೂತರೆ ಕೈ ನಡುಗುವುದಿಲ್ಲ, ಈ ವಯಸ್ಸಿಗೂ. ನೀನು ಅವರನ್ನು "ಊರು ನೆನಪಾಗುತ್ತಾ ಅಜ್ಜಿ" ಅಂತ ಕೇಳಿದೆ, ಅವರು ಅತ್ತರು. ಅವರ ಪಕ್ಕ ಕೂತು ಒಂದು ಗೆರೆ ಎಳೆಯಲು ಕಲಿಸಿ ಅಂದಿದ್ದರೆ ಅವರು ಊರಿನ ಎಲ್ಲ ಕಥೆಯನ್ನೂ ತಾವಾಗಿ ಹೇಳುತ್ತಿದ್ದರು, ನಿನ್ನ ಗೆರೆ ಡೊಂಕಾಯಿತು ಅಂತ ಬೈಯುತ್ತಾ.

ಹಾಗೆ ಕೂರಲಿಕ್ಕೆ ಸಮಯ ಬೇಕು, ನನಗೆ ಗೊತ್ತು. ನೀನು ಮೂರು ದಿನಕ್ಕೆ ಕ್ಯಾಮೆರಾ ಬಾಡಿಗೆಗೆ ತಂದಿದ್ದೆ. ಮುಂದಿನ ಸಲ ಮೊದಲು ಕ್ಯಾಮೆರಾ ಇಲ್ಲದೆ ಬಾ. ಒಂದು ವಾರ ಇರು. ಊಟಕ್ಕೂ ಇರುವುದಕ್ಕೂ ನಿನಗೆ ಖರ್ಚಿಲ್ಲ. ಆಮೇಲೆ ಯಾರನ್ನು ಚಿತ್ರ ತೆಗೆಯಬೇಕು ಅಂತ ನಿನಗೇ ಗೊತ್ತಾಗುತ್ತದೆ.

ಲಾಂಚಿನ ಬಗ್ಗೆಯೂ ಒಂದು ಮಾತು. ಹೊಳೆಬಾಗಿಲಿನಲ್ಲಿ ಹಿನ್ನೀರು ದಾಟಿಸುವ ಲಾಂಚ್ ಮೇಲೆ ನಿಂತು, "ಈ ಸೇತುವೆ ನಮ್ಮ ನೆನಪನ್ನು ಅಳಿಸುತ್ತಿದೆ" ಅಂದಿದ್ದೀಯ. ಕೇಳಲು ಚೆನ್ನಾಗಿದೆ. ಆದರೆ ಹಿನ್ನೀರಿನ ಆಚೆ ತುಮರಿ ಕಡೆ ಇರುವ ನನ್ನ ದೊಡ್ಡಪ್ಪನ ಮಗಳ ಮುಂದೆ ಆ ಮಾತು ಆಡಬೇಡ. ಅವಳು ಮದುವೆಯಾಗಿ ಹೋದಾಗಿನಿಂದ ಸಂಜೆಯ ಕೊನೆಯ ಲಾಂಚ್ ನೋಡಿಕೊಂಡೇ ಬದುಕಿದವಳು. ಲಾಂಚ್ ಹೋದ ಮೇಲೆ ಹೆರಿಗೆ ನೋವು ಬಂದರೆ, ಹಾವು ಕಚ್ಚಿದರೆ, ಸಾಗರದ ಆಸ್ಪತ್ರೆಗೆ ಕಾಡು ಸುತ್ತಿಕೊಂಡು ಹೋಗಬೇಕಿತ್ತು. ಸಿಗಂದೂರು ಸೇತುವೆ ಆಗಬೇಕು ಅಂತ ಆ ಜನ ಎಷ್ಟು ವರ್ಷ ಕೇಳಿದರು. 2025ರ ಜುಲೈನಲ್ಲಿ ಅದು ತೆರೆದಾಗ ಅವಳು ನಡೆದುಕೊಂಡೇ ದಾಟಿದಳಂತೆ, ಸುಮಾರು ಎರಡೂವರೆ ಕಿಲೋಮೀಟರ್, ಮೊಣಕಾಲು ನೋವಿಟ್ಟುಕೊಂಡು. ಫೋನ್ ಮಾಡಿ, "ಅಕ್ಕಾ, ನೀರಿನ ಮೇಲೆ ನಿಂತಿದ್ದೇನೆ, ಕೆಳಗೆ ನಮ್ಮ ಗದ್ದೆ ಇರಬೇಕು ನೋಡು" ಅಂದಳು. ದನಿಯಲ್ಲಿ ಖುಷಿಯೇ ಇತ್ತು. ಆ ಖುಷಿಯನ್ನು ಹಿಡಿ. ಲಾಂಚ್ ಬೇಕು ಅನ್ನಿಸುವುದು ದಿನಾ ಹತ್ತದೇ ಇದ್ದವರಿಗೆ.

ಬೆಂಗಳೂರಿನಲ್ಲಿ ಬೆಳೆದೆ ಅಂತ ನೀನು ತಪ್ಪಿತಸ್ಥಳ ಹಾಗೆ ಮಾತಾಡುತ್ತೀಯ ಸಿನಿಮಾದಲ್ಲಿ. ಅದು ಬೇಡ. ನಿನ್ನ ಅಪ್ಪ ಕೆಲಸ ಹುಡುಕಿಕೊಂಡು ಹೋದ, ನೀನು ಅಲ್ಲಿ ಹುಟ್ಟಿದೆ, ಇದರಲ್ಲಿ ಯಾರ ತಪ್ಪು? ನಿಜವಾಗಿ ಹೇಳಬೇಕಾದ ಸಂಬಂಧ ಬೇರೆ ಇದೆ. ನೀನು ಓದಿದ ದೀಪಕ್ಕೆ ಕರೆಂಟು ಎಲ್ಲಿಂದ ಬಂತು? ಲಿಂಗನಮಕ್ಕಿಯ ನೀರಿನಿಂದ ಓಡುವ ಶರಾವತಿ ವಿದ್ಯುದಾಗಾರ 1035 ಮೆಗಾವಾಟಿನದ್ದು. ನಮ್ಮ ಮನೆಗೆ ಲೈಟು ಬಂದದ್ದು 1983ರಲ್ಲಿ, ಊರು ಮುಳುಗಿ 19 ವರ್ಷದ ಮೇಲೆ. ಅಲ್ಲಿವರೆಗೆ ಚಿಮಣಿ ಬುಡ್ಡಿ. 2019ರಲ್ಲಿ ಲಿಂಗನಮಕ್ಕಿಯ ನೀರನ್ನು ಬೆಂಗಳೂರಿಗೆ ಒಯ್ಯುವ ಮಾತು ಬಂದಾಗ ಶಿವಮೊಗ್ಗ ಜಿಲ್ಲೆ ಬಂದ್ ಆಯಿತಲ್ಲ, ನಾನೂ ಆವತ್ತು ರಸ್ತೆಯಲ್ಲಿ ಕೂತಿದ್ದೆ. ಕೂತಲ್ಲೇ ನಿನ್ನ ನೆನಪಾಯಿತು, ನಿಮ್ಮ ಮನೆಗೆ ಟ್ಯಾಂಕರ್ ನೀರು ತರಿಸುತ್ತಿದ್ದದ್ದೂ ನೆನಪಾಯಿತು. ಎರಡೂ ಕಡೆ ನನ್ನವರೇ. ಇದನ್ನು ನೀನು ಹೇಳಬಲ್ಲೆ, ನಾನು ಹೇಳಲಾರೆ, ಯಾಕೆಂದರೆ ಎರಡೂ ಮನೆಯ ನೀರು ಕುಡಿದವಳು ನೀನು.

ನಾನು 42 ವರ್ಷ ಅಂಚೆ ಕೆಲಸ ಮಾಡಿದವಳು. ನಮ್ಮ ಮನೆಯ ಜಗಲಿಯೇ ಬ್ರಾಂಚ್ ಪೋಸ್ಟ್ ಆಫೀಸು, ಒಂದು ಮೇಜು, ಒಂದು ತಕ್ಕಡಿ, ಮೊಹರು. ಯಾರು ಎಲ್ಲಿಯವರು ಅನ್ನುವುದನ್ನು ನಾನು ದಿನಾ ಓದುತ್ತಿದ್ದೆ, ವಿಳಾಸದಲ್ಲಿ. ಒಂದು ವಿಷಯ ಗೊತ್ತಾ? ಪಿನ್ ಕೋಡ್ ಬಂದದ್ದು 1972ರಲ್ಲಿ. ನಮ್ಮ ಊರು ಅದಕ್ಕೆ ಎಂಟು ವರ್ಷ ಮೊದಲೇ ನೀರಿನಡಿ ಹೋಗಿತ್ತು. ಆ ಊರಿಗೆ ಪಿನ್ ಕೋಡ್ ಬರಲೇ ಇಲ್ಲ. ಆದರೂ ಜನ ಅದರ ಹೆಸರು ಬಿಡಲಿಲ್ಲ. ಮದುವೆ ಕಾಗದದಲ್ಲಿ ಮನೆತನದ ಹೆಸರಿನ ಮುಂದೆ ಹಳೇ ಊರು, ಕೆಳಗೆ ಇಲ್ಲಿಯ ಪಿನ್. ಹಾಗೆ ಬಂದ ಸಾವಿರಾರು ಕಾಗದ ನನ್ನ ಕೈಯಿಂದ ದಾಟಿವೆ. ಇಲ್ಲದ ಊರಿನ ಹೆಸರು ಮೇಲೆ, ಇರುವ ಊರಿನ ನಂಬರು ಕೆಳಗೆ, ಕಾಗದ ಸರಿಯಾಗಿ ಮುಟ್ಟುತ್ತಿತ್ತು. ಒಂದೂ ತಪ್ಪಿಹೋಗಲಿಲ್ಲ.

ನನ್ನ ಹತ್ತಿರ ಒಂದು ಕಾರ್ಡ್ ಇದೆ. ಅಮ್ಮನ ಅಣ್ಣ ಬೊಂಬಾಯಿಯಲ್ಲಿ ಹೋಟೆಲ್ ಕೆಲಸದಲ್ಲಿದ್ದರು, ಅವರು ಹಳೇ ಊರಿನ ವಿಳಾಸಕ್ಕೆ ಬರೆದದ್ದು. ಊರು ಎದ್ದ ಸುದ್ದಿ ಅವರಿಗೆ ಇನ್ನೂ ಮುಟ್ಟಿರಲಿಲ್ಲ. ಯಾರೋ ಅಂಚೆಯವರು ಹಳೇ ಹೆಸರಿನ ಮೇಲೆ ಕೆಂಪು ಶಾಯಿಯಲ್ಲಿ ಗೆರೆ ಎಳೆದು, ಪಕ್ಕದಲ್ಲಿ ನಮ್ಮ ಹೊಸ ಜಾಗದ ಹೆಸರು ಬರೆದಿದ್ದಾರೆ. ಅಷ್ಟು ಗಲಿಬಿಲಿಯಲ್ಲಿ, ಕಾಡಿನ ಗುಡಿಸಲಲ್ಲಿ ಕೂತವರನ್ನು ಹುಡುಕಿ ಅದನ್ನು ತಲುಪಿಸಿದರು. ಅವರು ಯಾರೋ ನನಗೆ ಗೊತ್ತಿಲ್ಲ, ಅಕ್ಷರ ಮಾತ್ರ ಗೊತ್ತು. ನಾನು ಅಂಚೆ ಕೆಲಸಕ್ಕೆ ಸೇರಿದ್ದೇ ಆ ಅಕ್ಷರ ನೋಡಿ ಅಂತ ಯಾರಿಗೂ ಹೇಳಿಲ್ಲ, ನಿನಗೆ ಹೇಳಿದೆ. ಕಾರ್ಡು ತಗಡಿನ ಡಬ್ಬಿಯಲ್ಲಿದೆ. ನೀನು ಬಂದಾಗ ತೆಗೆಯುತ್ತೇನೆ. ಬೇಕಾದರೆ ಚಿತ್ರ ತೆಗೆದುಕೋ.

ಸಿನಿಮಾ ಮುಗಿದ ಮೇಲೆ ಎಲ್ಲೆಲ್ಲಿಗೋ ಕಳಿಸುವ ಮೊದಲು ಇಲ್ಲಿ ತೋರಿಸು. ಶಾಲೆಯ ಗೋಡೆಗೆ ಬಿಳಿ ಪಂಚೆ ಕಟ್ಟೋಣ. ಆ ಅಜ್ಜಿ ನೋಡಲಿ, ಪಹಣಿಯವರು ನೋಡಲಿ, ಪಕ್ಕದ ಊರಿನವರನ್ನೂ ಕರೆಯೋಣ. ಯಾರಾದರೂ "ಇದು ಬೇಡ ಮಗಾ" ಅಂದರೆ ವಾದ ಮಾಡದೆ ತೆಗೆದುಬಿಡು. ಒಂದೆರಡು ಒಳ್ಳೆಯ ದೃಶ್ಯ ಹೋದರೂ ಹೋಗಲಿ. ನೀನು ಮತ್ತೆ ಇಲ್ಲಿಗೆ ಬರುವವಳು, ನಾವು ಇಲ್ಲೇ ಇರುವವರು.

ದಸರಾ ಮುಗಿದ ಮೇಲೆ ಭೂಮಿ ಹುಣ್ಣಿಮೆ. ಆವತ್ತಿಗೆ ತಪ್ಪದೆ ಬಾ. ಯಾಕೆ ಅಂತ ಹೇಳಿ ನಿಲ್ಲಿಸುತ್ತೇನೆ.

ಆ ಮೊದಲ ವರ್ಷ, ತಂಗಿ ಹೋದ ಮಳೆಗಾಲ ಕಳೆದು ಭೂಮಿ ಹುಣ್ಣಿಮೆ ಬಂತು. ತೆನೆ ಕಟ್ಟುವ ಭತ್ತಕ್ಕೆ ಬಸುರಿಯ ಬಯಕೆ ತೀರಿಸುವ ಹಬ್ಬ ಅದು, ನಿನಗೆ ಗೊತ್ತು. ನಮಗೆ ಭತ್ತವೇ ಇರಲಿಲ್ಲ. ಗದ್ದೆಯೇ ಆಗಿರಲಿಲ್ಲ, ಮರದ ಬೊಡ್ಡೆಗಳು ಹಾಗೇ ನಿಂತಿದ್ದವು. ಅಪ್ಪ ಈ ಸಲ ಬೇಡ ಅಂದರು. ಅಮ್ಮ ಕೇಳಲಿಲ್ಲ. ಹಳೇ ಊರಿನಿಂದ ಪಾತ್ರೆಗಳ ಜೊತೆ ತಂದಿದ್ದ, ಗದ್ದೆಗೆ ಎಡೆ ಒಯ್ಯುವ ಭೂಮಣ್ಣಿ ಬುಟ್ಟಿಗೆ ಕೆಮ್ಮಣ್ಣು ಬಳಿದು, ಸೋಗೆಯ ಗುಡಿಸಲಲ್ಲಿ ಬುಡ್ಡಿ ದೀಪ ಇಟ್ಟುಕೊಂಡು ಚಿತ್ತಾರ ಬರೆದಳು. ರಾತ್ರಿಯಿಡೀ ಕಾಡಿನಲ್ಲಿ ಸಿಕ್ಕಿದ ಸೊಪ್ಪುಗಳನ್ನೇ ಬೇಯಿಸಿದಳು. ನಸುಕಿನಲ್ಲಿ ನನ್ನನ್ನು ಎಬ್ಬಿಸಿ, ದೊಂದಿ ಹಿಡಿಸಿ, ಆ ಬೊಡ್ಡೆಗಳ ನಡುವೆ ಕರೆದುಕೊಂಡು ಹೋದಳು. ಯಾವುದಕ್ಕೆ ಪೂಜೆ ಮಾಡುವುದು ಅಂತ ಗೊತ್ತಾಗದೆ ಅವಳು ನಿಂತಿದ್ದಳು. ಆಗ ಬೇಲಿಯ ಆಚೆಯಿಂದ ದೀಪ ಬಂತು. ಪಕ್ಕದ ಊರಿನ ಹೆಂಗಸು, ಬೇಲಿ ಕಿತ್ತವರ ಮನೆಯವರೇ. ಅವರ ಗದ್ದೆಯಿಂದ ಬೇರು ಸಮೇತ ಕಿತ್ತ ಒಂದು ಹಿಡಿ ಭತ್ತದ ಗಿಡ ಕೈಯಲ್ಲಿತ್ತು. "ಪೈರಿಲ್ಲದೆ ಭೂಮಿ ಪೂಜೆ ಮಾಡ್ತಾರಾ ಯಾರಾದ್ರೂ" ಅಂತ ಬೈದಂತೆ ಹೇಳಿ ಅಮ್ಮನ ಕೈಗಿಟ್ಟರು. ಅಮ್ಮ ಅದನ್ನು ಅಲ್ಲೇ ಒದ್ದೆ ಮಣ್ಣಿನಲ್ಲಿ ಊರಿ ಪೂಜೆ ಮಾಡಿದಳು. ಮೂವರೂ ಅಲ್ಲೇ ಕೂತು ಉಂಡೆವು. ಅದಾದ ಮೇಲೂ ಬೇಲಿಯ ಜಗಳ ಎಷ್ಟೋ ವರ್ಷ ನಡೆಯಿತು, ಕೋರ್ಟಿಗೂ ಹೋಯಿತು. ಆದರೆ ಆವತ್ತಿನಿಂದ ಅಮ್ಮ "ಊರಿಗೆ ಯಾವಾಗ ಹೋಗೋದು" ಅಂತ ಅಪ್ಪನನ್ನು ಕೇಳುವುದನ್ನು ಬಿಟ್ಟಳು.

ಆ ಹೆಂಗಸಿನ ಸೊಸೆ ಇದ್ದಾರೆ, ನನಗಿಂತ ಸ್ವಲ್ಪ ದೊಡ್ಡವರು. ನೀನು ಬರುತ್ತೀಯ ಅಂತ ನಿನ್ನೆ ಅವರಿಗೆ ಹೇಳಿದೆ. ಮಾತಾಡುತ್ತೇನೆ, ಆದರೆ ಬೇಲಿ ಜಗಳದಲ್ಲಿ ತಪ್ಪು ಯಾರದು ಅಂತ ಮೊದಲು ಹೇಳುತ್ತೇನೆ ಅಂದರು. ಹೇಳಲಿ. ಅವರ ಮನೆಗೆ ನಾನೇ ಕರೆದುಕೊಂಡು ಹೋಗುತ್ತೇನೆ.

ಬರುವಾಗ ದಪ್ಪ ಸ್ವೆಟರ್ ತಾ, ನಸುಕಿನಲ್ಲಿ ಗದ್ದೆ ಬದುವಿನ ಮೇಲೆ ಇಬ್ಬನಿ ಜಾಸ್ತಿ. ನಿನ್ನ ಅಪ್ಪನನ್ನೂ ಕರೆದುಕೊಂಡು ಬಾ. ಬುಟ್ಟಿ ಈ ಸಲ ನೀನು ಬರೆಯಬೇಕು, ಆ ಚಿತ್ತಾರದ ಅಜ್ಜಿ ಕಲಿಸುತ್ತೇನೆ ಅಂದಿದ್ದಾರೆ.

ನಿನ್ನ ಅತ್ತೆ